ಹೆಣ್ಣುಮಗಳ ಮೈ ತಪಾಸಣೆ: ಕಾನೂನು ಏನು ಹೇಳುತ್ತದೆ?

ಬೆಳಗಿನ ಎಂಟೂವರೆಯ ಹೊತ್ತಿಗೆ ಹನುಮಂತನಗರದ ಐವತ್ತಡಿ ರಸ್ತೆಯಲ್ಲಿ ನಿಂತು ನೋಡಿ. ಕಾಲೇಜಿಗೆ ಹೊರಟ ಹುಡುಗಿಯರ ಬೆನ್ನ ಮೇಲೆ ಒಂದೊಂದು ಚೀಲ. ಒಳಗೆ ಪುಸ್ತಕ, ಊಟದ ಡಬ್ಬಿ, ಛತ್ರಿ. ಒಮ್ಮೊಮ್ಮೆ, ‘ಸಂಜೆಯ ತನಕ ಇಟ್ಕೊಂಡಿರೇ’ ಎಂದು ಗೆಳತಿ ಕೊಟ್ಟ ಪೊಟ್ಟಣವೂ ಇದ್ದೀತು. ಮಾದಕ ದ್ರವ್ಯದ ಅನುಮಾನದ ಮೇಲೆ ಅಂಥ ಹುಡುಗಿಯನ್ನು ಪೊಲೀಸರು ತಡೆದರೆ ಅವಳನ್ನು ಯಾರು ಮುಟ್ಟಿ ತಪಾಸಣೆ ಮಾಡಬಹುದು, ಯಾರು ಮಾಡಕೂಡದು? ಪಿಯುಸಿ ಮಕ್ಕಳಿಗೆ ಬೆಂಜೀನಿನ ರಚನೆ ಬಾಯಿಪಾಠ, ಇದು ಗೊತ್ತಿಲ್ಲ. ಹೆತ್ತವರಲ್ಲೂ ಬಹುಮಂದಿಗೆ ಗೊತ್ತಿರಲಾರದು.

2020ರ ಸೆಪ್ಟೆಂಬರಿನಲ್ಲಿ ಬೆಂಗಳೂರಿನ ಕೇಂದ್ರ ಅಪರಾಧ ವಿಭಾಗದ ಪೊಲೀಸರು ಚಿತ್ರನಟಿಯರಾದ ರಾಗಿಣಿ ದ್ವಿವೇದಿ ಮತ್ತು ಸಂಜನಾ ಗಲ್ರಾನಿ ಅವರನ್ನು ಬಂಧಿಸಿದಾಗ ಮನೆಮನೆಯಲ್ಲೂ ಅದೇ ಮಾತಾಗಿತ್ತು. ಮುಂದೆ ಹೈಕೋರ್ಟು ಸಂಜನಾ ಅವರ ಮೇಲಿನ ಪ್ರಕರಣವನ್ನು 2024ರಲ್ಲಿ, ರಾಗಿಣಿಯವರ ಮೇಲಿನದನ್ನು 2025ರಲ್ಲಿ ರದ್ದುಪಡಿಸಿತು. ಯಾವ ಪಾರ್ಟಿ, ಯಾರ ಜೊತೆ ಎಂದು ನಾವು ಚರ್ಚಿಸಿದ್ದೇ ಚರ್ಚಿಸಿದ್ದು. ಇಂಥ ಪ್ರಕರಣದಲ್ಲಿ ಹೆಣ್ಣನ್ನು ಶೋಧಿಸಲು ಕಾನೂನು ಎಳೆದಿರುವ ಗೆರೆ ಯಾವುದೆಂದು ಕೇಳಿದವರು ಕಡಿಮೆ.

ಆ ಗೆರೆ ಇರುವುದು ಎನ್‌ಡಿಪಿಎಸ್ ಕಾಯ್ದೆ ಎಂದು ಕರೆಯಲಾಗುವ 1985ರ ಮಾದಕ ವಸ್ತುಗಳ ಕಾಯ್ದೆಯ 50ನೇ ಸೆಕ್ಷನ್ನಿನಲ್ಲಿ. ಅದರ ನಾಲ್ಕನೆಯ ಉಪಸೆಕ್ಷನ್ ಒಂದೇ ವಾಕ್ಯದ್ದು. ಹೆಣ್ಣನ್ನು ಹೆಣ್ಣಲ್ಲದೆ ಬೇರೆ ಯಾರೂ ಶೋಧಿಸತಕ್ಕದ್ದಲ್ಲ ಎಂಬುದೇ ಅದರ ತಾತ್ಪರ್ಯ. ‘ಸಾಧ್ಯವಾದಲ್ಲಿ’, ‘ಅನುಕೂಲವಿದ್ದಲ್ಲಿ’ ಎಂಬ ಬಾಲಂಗೋಚಿ ಅದಕ್ಕಿಲ್ಲ. ರಾತ್ರಿಯಾಯಿತು, ಠಾಣೆಯಲ್ಲಿ ಮಹಿಳಾ ಸಿಬ್ಬಂದಿ ಇಲ್ಲ ಎಂಬ ನೆವಕ್ಕೂ ಅಲ್ಲಿ ಎಡೆಯಿಲ್ಲ.

ಅದೇ ಸೆಕ್ಷನ್ನಿನಲ್ಲಿ ಗಂಡು–ಹೆಣ್ಣು ಇಬ್ಬರಿಗೂ ಸಲ್ಲುವ ಇನ್ನೊಂದು ಹಕ್ಕಿದೆ. ‘ಹತ್ತಿರದ ಗೆಜೆಟೆಡ್ ಅಧಿಕಾರಿ ಅಥವಾ ಮ್ಯಾಜಿಸ್ಟ್ರೇಟರ ಬಳಿಗೆ ನನ್ನನ್ನು ಕರೆದೊಯ್ಯಿರಿ’ ಎಂದು ಶಂಕಿತ ವ್ಯಕ್ತಿ ಕೇಳಬಹುದು. ಶೋಧಕ್ಕೆ ಸಕಾರಣವಿಲ್ಲ ಎಂದು ಅವರಿಗೆ ಕಂಡರೆ ಆ ಕೂಡಲೇ ಬಿಟ್ಟು ಕಳುಹಿಸಬೇಕು. ಆದರೆ ಹಕ್ಕಿದೆಯೆಂದು ಗೊತ್ತಿಲ್ಲದವರು ಕೇಳುವುದು ಹೇಗೆ? ಅದನ್ನು ತಿಳಿಸುವುದು ಶೋಧಿಸುವ ಅಧಿಕಾರಿಯ ಕರ್ತವ್ಯವೆಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ 1999ರಲ್ಲಿ, ಪಂಜಾಬಿನ ಬಲದೇವ್ ಸಿಂಗ್ ಪ್ರಕರಣದಲ್ಲಿ ಹೇಳಿತು. ಹೆಚ್ಚೂಕಡಿಮೆ ಪಾಲಿಸಿದರೆ ಸಾಲದು, ಕಟ್ಟುನಿಟ್ಟಾಗಿಯೇ ಪಾಲಿಸಬೇಕೆಂದು 2010ರಲ್ಲಿ ಗುಜರಾತಿನ ವಿಜಯಸಿನ್ಹ ಜಡೇಜ ಪ್ರಕರಣದಲ್ಲಿ ಇನ್ನೊಂದು ಸಂವಿಧಾನ ಪೀಠ ತೀರ್ಪಿತ್ತಿತು.

ಹೀಗಾದರೆ ಕಳ್ಳಸಾಗಣೆಗಾರರು ತಪ್ಪಿಸಿಕೊಳ್ಳುವುದಿಲ್ಲವೇ ಎಂದು ಗೊಣಗುವವರಿದ್ದಾರೆ. ತೊಳೆಯದ ಪಿಪೆಟ್ಟಿನಿಂದ ಟೈಟ್ರೇಷನ್ ಮಾಡಿ ಸರಿಯುತ್ತರ ತಂದ ವಿದ್ಯಾರ್ಥಿಗೂ ನಾವು ಮೇಷ್ಟ್ರುಗಳು ಅಂಕ ಕೊಡುವುದಿಲ್ಲ. ಆ ಉತ್ತರವನ್ನು ನಂಬುವುದು ಹೇಗೆ? ಇಲ್ಲಿ ಪಣಕ್ಕಿರುವುದು ಅಂಕವಲ್ಲ, ಹತ್ತು ವರ್ಷದ ಸೆರೆಮನೆ.

2001ರ ತಿದ್ದುಪಡಿ ಅಧಿಕಾರಿಗಳಿಗೆ ಒಂದು ಸಡಿಲಿಕೆ ಕೊಟ್ಟಿದೆ. ಕರೆದೊಯ್ಯುವಷ್ಟರಲ್ಲಿ ಶಂಕಿತ ವ್ಯಕ್ತಿ ಮಾಲನ್ನು ಸಾಗಹಾಕಬಹುದೆಂದು ನಂಬಲು ಕಾರಣವಿದ್ದರೆ ಸ್ಥಳದಲ್ಲೇ ಶೋಧಿಸಬಹುದು. ಕಾರಣವನ್ನು ಬರೆದಿಟ್ಟು 72 ಗಂಟೆಯೊಳಗೆ ಮೇಲಧಿಕಾರಿಗೆ ಅದರ ಪ್ರತಿ ಕಳುಹಿಸಬೇಕು. ಅಂಥ ತುರ್ತಿನ ಶೋಧವೂ ಸಾಮಾನ್ಯ ಅಪರಾಧ ಪ್ರಕ್ರಿಯಾ ಕಾನೂನಿನಂತೆಯೇ ನಡೆಯಬೇಕು. ಆ ಕಾನೂನು, ಅಂದರೆ 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ, ಹೆಣ್ಣನ್ನು ಇನ್ನೊಬ್ಬ ಹೆಣ್ಣೇ, ಮಾನಮರ್ಯಾದೆಗೆ ಕಿಂಚಿತ್ತೂ ಕುಂದಿಲ್ಲದಂತೆ ಶೋಧಿಸಬೇಕೆನ್ನುತ್ತದೆ. ತುರ್ತು ಎಷ್ಟೇ ಇರಲಿ, ಆ ಬಾಗಿಲು ಮಾತ್ರ ಗಂಡಸಿಗೆ ತೆರೆಯುವುದಿಲ್ಲ. ಬಂಧನವಾದ ಮೇಲೆ ವೈದ್ಯಕೀಯ ಪರೀಕ್ಷೆಯಾದರೂ ಅಷ್ಟೆ: ವೈದ್ಯೆಯೇ ಮಾಡಬೇಕು, ಇಲ್ಲವೇ ಆಕೆಯ ಮೇಲ್ವಿಚಾರಣೆಯಲ್ಲಿ ನಡೆಯಬೇಕು. ಹದಿನೆಂಟು ತುಂಬದ ಹುಡುಗಿಯಾದರೆ 2015ರ ಬಾಲನ್ಯಾಯ ಕಾಯ್ದೆ ಅನ್ವಯಿಸುತ್ತದೆ. ಅವಳನ್ನು ಲಾಕಪ್ಪಿನಲ್ಲಿ ಇಡುವಂತೆಯೇ ಇಲ್ಲ.

ಇಷ್ಟು ಓದಿ ನಿಶ್ಚಿಂತರಾದವರು ಮುಂದಿನ ಮಾತನ್ನೂ ಓದಬೇಕು. 50ನೇ ಸೆಕ್ಷನ್ ಕಾಯುವುದು ಮೈಯನ್ನು, ಚೀಲವನ್ನಲ್ಲ! ಉಟ್ಟ ಬಟ್ಟೆ, ಮೆಟ್ಟಿದ ಚಪ್ಪಲಿ ಮೈಗೆ ಸೇರಿದವು. ಕೈಯಲ್ಲೋ ಹೆಗಲಲ್ಲೋ ಇರುವ ಚೀಲ ಸೇರಿದ್ದಲ್ಲ ಎಂದು ಸುಪ್ರೀಂ ಕೋರ್ಟು 2005ರಲ್ಲಿ ಹಿಮಾಚಲ ಪ್ರದೇಶದ ಪವನ್ ಕುಮಾರ್ ಪ್ರಕರಣದಲ್ಲಿ ವಿವರಿಸಿತು. 2023ರಲ್ಲಿ ರಂಜನ್ ಕುಮಾರ್ ಚಡ್ಢಾ ಪ್ರಕರಣದಲ್ಲಿ ಅದನ್ನೇ ಎತ್ತಿಹಿಡಿಯಿತು. ಅಂದಮೇಲೆ ಗೆಳತಿಯ ಪೊಟ್ಟಣ ಚೀಲದಲ್ಲಿ ಸಿಕ್ಕರೆ, ‘ನನಗೆ ಮ್ಯಾಜಿಸ್ಟ್ರೇಟರ ವಿಚಾರ ಹೇಳಲಿಲ್ಲ’ ಎಂಬ ವಾದ ನಿಲ್ಲದು. ವಸ್ತು ಅವಳ ಬಳಿ ಇತ್ತೆಂದು ಸಾಬೀತಾದರೆ, ಅದೇನೆಂದು ತನಗೆ ಗೊತ್ತಿರಲಿಲ್ಲ ಎಂದು ರುಜುವಾತು ಮಾಡುವ ಹೊರೆ ಅವಳ ಮೇಲೆಯೇ ಬೀಳುತ್ತದೆ.

ಪ್ರಮಾಣವಾದರೂ ಎಷ್ಟು? ಗಾಂಜಾ 20 ಕಿಲೋ ಮೀರಿದರೆ ವಾಣಿಜ್ಯ ಪ್ರಮಾಣ. ಎಂಡಿಎಂಎ ಎಂಬ ರಾಸಾಯನಿಕಕ್ಕೆ ಆ ಮಿತಿ ಬರೀ 10 ಗ್ರಾಂ, ಎರಡು ಚಮಚೆ ಸಕ್ಕರೆಯ ತೂಕ ಅಷ್ಟೆ. ಅದನ್ನು ಮೀರಿದರೆ ಶಿಕ್ಷೆ ಕನಿಷ್ಠ 10 ವರ್ಷ, ಜಾಮೀನು ಬಲು ದುರ್ಲಭ. ಇತ್ತ ವಿನಾಕಾರಣ ಪೀಡಿಸಲೆಂದೇ ಶೋಧ ನಡೆಸಿದ ಅಧಿಕಾರಿಗೆ 58ನೇ ಸೆಕ್ಷನ್ ವಿಧಿಸುವುದು ಹೆಚ್ಚೆಂದರೆ ಆರು ತಿಂಗಳ ಸೆರೆ ಅಥವಾ ಸಾವಿರ ರೂಪಾಯಿ ದಂಡ, ಇಲ್ಲವೇ ಎರಡೂ. ಸಾವಿರ ರೂಪಾಯಿ! 1985ರ ಬೆಲೆಯನ್ನೇ ಇನ್ನೂ ಇಟ್ಟುಕೊಂಡಿದ್ದಾರೆ.

ತಡೆದಾಗ ಓಡುವುದು, ಕೂಗಾಡುವುದು ಬೇಡ. ‘ಮಹಿಳಾ ಸಿಬ್ಬಂದಿಯನ್ನು ಕರೆಸಿ, ಗೆಜೆಟೆಡ್ ಅಧಿಕಾರಿ ಅಥವಾ ಮ್ಯಾಜಿಸ್ಟ್ರೇಟರ ಮುಂದೆ ತಪಾಸಣೆಯಾಗಲಿ, ಅಪ್ಪ–ಅಮ್ಮನಿಗೆ ತಿಳಿಸಿ’ ಎಂದು ಹುಡುಗಿ ಶಾಂತವಾಗಿ ಹೇಳಬೇಕು. ಕಾಗದವನ್ನು ಓದದೆ ಸಹಿ ಹಾಕಬಾರದು. ಮಹಜರಿನಲ್ಲಿ ತಪಾಸಣೆ ಮಾಡಿದಾಕೆಯ ಹೆಸರು, ಹೊತ್ತು, ಪಂಚರ ಸಹಿ ಇವೆಯೇ, ಯಾವ ವಸ್ತು ಮೈಯಲ್ಲಿ ಸಿಕ್ಕಿತು, ಯಾವುದು ಚೀಲದಲ್ಲಿ ಎಂದು ಬಿಡಿಸಿ ಬರೆದಿದ್ದಾರೆಯೇ ಎಂದು ನೋಡಬೇಕು. ಮೈಯಿಂದ ತೆಗೆದುಕೊಂಡ ವಸ್ತುಗಳ ಪಟ್ಟಿಯ ಒಂದು ಪ್ರತಿಯನ್ನು ಅವಳಿಗೇ ಕೊಡಬೇಕೆಂದು ಸಂಹಿತೆಯ 103ನೇ ಸೆಕ್ಷನ್ ಹೇಳುತ್ತದೆ.