ಫೈನಲ್ಲಿಗೆ ಏಳು ಪಂದ್ಯ ಯಾಕೆ?

ಪ್ರಶ್ನೆ: ಐಪಿಎಲ್‌ಗೆ ಒಂದೇ ಫೈನಲ್. ಅಮೆರಿಕದ ಬೇಸ್‌ಬಾಲ್‌ನಲ್ಲಿ ಫೈನಲ್ಲೇ ಏಳು ಪಂದ್ಯವಂತೆ, ಹೌದೇ?
– ಓದುಗರೊಬ್ಬರು, ಐವರ್ನಾಡು

ಉತ್ತರ: ಏಳೂ ಆಡಲೇಬೇಕೆಂದಿಲ್ಲ. ಮೊದಲು ನಾಲ್ಕು ಗೆದ್ದವರಿಗೆ ಪಟ್ಟ. 4–0 ಆದರೆ ಅಲ್ಲಿಗೇ ಮುಗಿಯಿತು. ‘ವರ್ಲ್ಡ್ ಸೀರೀಸ್’ ಎಂದು ಹೆಸರು, ಆಡುವುದು ಮಾತ್ರ ಅಮೆರಿಕ, ಕೆನಡಾದ ತಂಡಗಳು! ಲೀಗ್ ಮುಗಿದ ಮೇಲೆ ಉಳಿಯುವ 12 ತಂಡಗಳಿಗೆ ಮೊದಲ ಸುತ್ತು ಮೂರು ಪಂದ್ಯಗಳದ್ದು, ಆಮೇಲೆ ಐದು, ಸೆಮಿಫೈನಲ್‌ಗೂ ಏಳು. ಅಗ್ರ ನಾಲ್ಕು ತಂಡಗಳಿಗೆ ಮೊದಲ ಸುತ್ತಿನಿಂದ ವಿನಾಯಿತಿ.

ಇಷ್ಟೆಲ್ಲ ಯಾಕೆಂದರೆ, ಅಲ್ಲಿ ಚೆಂಡೆಸೆಯುವ ‘ಪಿಚರ್’ ಒಬ್ಬನೇ ಪಂದ್ಯ ತಿರುಗಿಸಬಲ್ಲ. ಆದರೆ ಇನಿಂಗ್ಸ್‌ಗಟ್ಟಲೆ ಎಸೆದವನ ತೋಳಿಗೆ ನಾಲ್ಕೈದು ದಿನ ವಿಶ್ರಾಂತಿ ಬೇಕು. ಸರಣಿ ಉದ್ದವಾದಷ್ಟೂ ಇಡೀ ತಂಡದ ಬಲ ಬಯಲಾಗುತ್ತದೆ.

ಐಪಿಎಲ್‌ನಲ್ಲಿ ಮೊದಲೆರಡು ಸ್ಥಾನದವರಿಗೆ ಮಾತ್ರ ಇನ್ನೊಂದು ಅವಕಾಶ. 2025ರ ಮೇ 29ರಂದು ನಮ್ಮ ಆರ್‌ಸಿಬಿ ಪಂಜಾಬನ್ನು 101ಕ್ಕೆ ಉರುಳಿಸಿ ಗೆದ್ದಿತು. ಅದೇ ಪಂಜಾಬ್ ಮುಂಬೈಯನ್ನು ಸೋಲಿಸಿ ಫೈನಲ್ಲಿಗೆ ಬಂತು. ಜೂನ್ 3ರಂದು ನಾವು ಗೆದ್ದದ್ದು ಬರೀ ಆರು ರನ್‌ಗಳಿಂದ. ಏಳು ಪಂದ್ಯವಿದ್ದಿದ್ದರೆ ಅಭಿಮಾನಿಗಳ ಎದೆ ತಡೆಯುತ್ತಿತ್ತೋ ಇಲ್ಲವೋ.

ಅದೇ ವರ್ಷದ ವರ್ಲ್ಡ್ ಸೀರೀಸ್ ಏಳನೇ ಪಂದ್ಯದವರೆಗೂ ಹೋಗಿ, ಅದೂ ಸಮವಾಗಿ, 11ನೇ ಇನಿಂಗ್ಸ್‌ನಲ್ಲಿ ಲಾಸ್ ಏಂಜಲೀಸ್‌ನ ಡಾಡ್ಜರ್ಸ್ ಟೊರೊಂಟೊವನ್ನು 5–4ರಿಂದ ಮಣಿಸಿತು.