ವೀತರಾಗನ ಮುಂದೆ ರಾಗ

ಬಸದಿಯಲ್ಲಿ ಸಂಜೆಯ ಆರತಿಯ ಹೊತ್ತು. ಗರ್ಭಗೃಹದಲ್ಲಿ ತೀರ್ಥಂಕರರ ಬಿಂಬ ನಿಶ್ಚಲವಾಗಿದೆ. ಎದುರಿಗೆ ಕುಳಿತ ಶ್ರಾವಕ ಶ್ರಾವಿಕೆಯರು ಭಕ್ತಿಗೀತೆಯನ್ನು ರಾಗವಾಗಿ ಹಾಡುತ್ತಿದ್ದಾರೆ. ಹಾಡಿನಲ್ಲಿ ಮತ್ತೆ ಮತ್ತೆ ಬರುವ ಸಂಬೋಧನೆ ‘ವೀತರಾಗ’. ರಾಗವನ್ನು ನೀಗಿದವನನ್ನು ರಾಗದಿಂದಲೇ ಕರೆಯುವ ಈ ಸನ್ನಿವೇಶ ಬರಿಯ ಪದಗಳ ಆಟದಂತೆ ತೋರಬಹುದು. ಆದರೆ ಪ್ರತಿಯೊಬ್ಬ ಸಾಧಕನೂ ಎಂದಾದರೊಂದು ದಿನ ಎದುರಿಸಬೇಕಾದ ಪ್ರಶ್ನೆ ಇದರೊಳಗೆ ಅಡಗಿದೆ. ಬಿಡಬೇಕಾದ ರಾಗ ಯಾವುದು? ಹಾಡಿನ ಸವಿಯೂ ಅದರಲ್ಲಿ ಸೇರಿದೆಯೇ? ಭಗವಂತನ ಮೇಲಿನ ಪ್ರೀತಿಯೂ ಬಂಧನವೇ?

‘ರಾಗ’ ಶಬ್ದದ ಮೂಲ ಸಂಸ್ಕೃತದ ‘ರಂಜ್’ ಧಾತು. ಬಣ್ಣವೇರುವುದು, ಸಂತೋಷಗೊಳ್ಳುವುದು ಎಂಬೆರಡು ಅರ್ಥಗಳೂ ಅದಕ್ಕಿವೆ. ಆದ್ದರಿಂದ ರಾಗವೆಂದರೆ ಬಣ್ಣ, ಅದರಲ್ಲಿಯೂ ಕೆಂಪು. ಮುಗಿಲಿಗೆ ಹತ್ತಿದ ಕೆಂಪು ಸಂಧ್ಯಾರಾಗ. ಮನಸ್ಸಿಗೆ ಹತ್ತಿದ ಒಲವಿನ ಬಣ್ಣ ಅನುರಾಗ. ಕೇಳುವವರ ಚಿತ್ತವನ್ನು ರಂಜಿಸುವ ಸ್ವರವಿಶೇಷವೇ ರಾಗವೆಂದು ಮತಂಗನು ‘ಬೃಹದ್ದೇಶಿ’ಯಲ್ಲಿ ನಿರೂಪಿಸಿದ. ಆಡುಮಾತಿನಲ್ಲಿಯಂತೂ ಹಠ ಹಿಡಿದು ಅಳತೊಡಗಿದ ಮಗುವೂ ‘ರಾಗ ತೆಗೆಯುತ್ತದೆ’. ಜೈನ ವಿದ್ವಾಂಸ ಪಾರ್ಶ್ವದೇವನು ರಚಿಸಿದ ಸಂಗೀತಶಾಸ್ತ್ರ ಗ್ರಂಥದ ಹೆಸರು ‘ಸಂಗೀತ ಸಮಯಸಾರ’; ಆಚಾರ್ಯ ಕುಂದಕುಂದರ ಅಧ್ಯಾತ್ಮ ಗ್ರಂಥದ ಹೆಸರು ‘ಸಮಯಸಾರ’. ಮೊದಲನೆಯದರಲ್ಲಿ ರಾಗವು ಕಲೆಯ ಸೊಬಗು. ಎರಡನೆಯದರಲ್ಲಿ ಅದೇ ಶಬ್ದ ಕರ್ಮಬಂಧಕ್ಕೆ ಕಾರಣವಾದ ಭಾವ.

ಈ ಬಂಧ ಉಂಟಾಗುವ ಬಗೆಯನ್ನು ಕುಂದಕುಂದರು ಸರಳವಾದ ದೃಷ್ಟಾಂತದಿಂದ ತಿಳಿಸಿದ್ದಾರೆ. ಮೈಗೆ ಎಣ್ಣೆ ಹಚ್ಚಿಕೊಂಡವನು ಧೂಳಿನ ನೆಲದಲ್ಲಿ ವ್ಯಾಯಾಮ ಮಾಡಿದರೆ ಧೂಳು ಅಂಟುತ್ತದೆ. ಅಂಟಿಗೆ ಕಾರಣ ವ್ಯಾಯಾಮವಲ್ಲ, ಎಣ್ಣೆಯ ಜಿಡ್ಡು. ಹಾಗೆಯೇ ಆತ್ಮಕ್ಕೆ ಕರ್ಮದ ರಜ ಅಂಟುವುದು ರಾಗಾದಿ ಭಾವಗಳ ಜಿಡ್ಡಿನಿಂದ. ಉಮಾಸ್ವಾಮಿಗಳ ‘ತತ್ತ್ವಾರ್ಥಸೂತ್ರ’ವೂ ಇದನ್ನೇ ಇಂದ್ರಿಯಗಳಿಗೆ ಅನ್ವಯಿಸುತ್ತದೆ. ಇಂಪಾದ ವಿಷಯದಲ್ಲಿ ರಾಗವನ್ನೂ ಇಂಪಲ್ಲದ ವಿಷಯದಲ್ಲಿ ದ್ವೇಷವನ್ನೂ ಬಿಡುವುದು ಅಪರಿಗ್ರಹ ವ್ರತವನ್ನು ಗಟ್ಟಿಗೊಳಿಸುವ ಭಾವನೆಯೆಂದು ಅದು ಹೇಳುತ್ತದೆ. ಇಲ್ಲಿ ದೋಷ ಸ್ವರದ್ದಲ್ಲ. ‘ಇದು ಇನ್ನೂ ಬೇಕು, ಇದು ಮುಗಿಯದಿರಲಿ’ ಎಂದು ಕಿವಿಯ ಹಿಂದೆ ನಿಂತು ಹಂಬಲಿಸುವ ಮನಸ್ಸಿನದು.

ಮುಗಿಯದಿರಲಿ ಎಂಬ ಈ ಹಂಬಲವನ್ನು ಕನ್ನಡಿಗರಿಗೆ ಕಣ್ಣಿಗೆ ಕಟ್ಟುವಂತೆ ತೋರಿಸಿದವನು ಪಂಪ. ಕ್ರಿ.ಶ. 941ರಲ್ಲಿ ರಚಿತವಾದ ‘ಆದಿಪುರಾಣ’ದ ನೀಲಾಂಜನೆಯ ಪ್ರಸಂಗ ಸರ್ವವಿದಿತ. ವೃಷಭನಾಥನ ಆಸ್ಥಾನದಲ್ಲಿ ಗೀತ, ವಾದ್ಯ, ನೃತ್ಯ ಒಂದಾಗಿ ನಡೆದಿರುವಾಗಲೇ ನರ್ತಕಿಯ ಆಯುಷ್ಯ ತೀರುತ್ತದೆ. ರಸಭಂಗವಾಗದಂತೆ ಇಂದ್ರನು ಕ್ಷಣಾರ್ಧದಲ್ಲಿ ಆಕೆಯಂತಹ ಇನ್ನೊಬ್ಬಳನ್ನು ನಿಲ್ಲಿಸುತ್ತಾನೆ. ಸಭೆಗೆ ಅದು ತಿಳಿಯುವುದೇ ಇಲ್ಲ. ನೃತ್ಯದ ಸೊಬಗಿನಲ್ಲಿ ಮುಳುಗಿದ ಅವರಿಗೆ ಕಣ್ಣೆದುರಿನ ಮರಣವೇ ಕಾಣದು. ವೃಷಭನಾಥನು ಮಾತ್ರ ಕಂಡ. ಅದೇ ನೃತ್ಯವನ್ನು ಅವನೂ ನೋಡುತ್ತಿದ್ದ. ಉಳಿದವರಿಗೆ ರಂಜನೆಯಾದುದು ಅವನಿಗೆ ವೈರಾಗ್ಯವಾಯಿತು.

ಹಾಗಾದರೆ ಬಸದಿಯ ಹಾಡಿನ ಗತಿಯೇನು? ಅರಿಹಂತ, ಸಿದ್ಧ, ಸಾಧುಗಳಲ್ಲಿಯ ಭಕ್ತಿಯನ್ನು ಕುಂದಕುಂದರು ‘ಪಂಚಾಸ್ತಿಕಾಯ’ದಲ್ಲಿ ಪ್ರಶಸ್ತ ರಾಗವೆಂದು ಕರೆದಿದ್ದಾರೆ. ಅದು ಪುಣ್ಯಕ್ಕೆ ಕಾರಣ. ಆದರೂ ಅದು ರಾಗವೇ. ಕಬ್ಬಿಣದ ಸಂಕೋಲೆಯಂತೆ ಚಿನ್ನದ ಸಂಕೋಲೆಯೂ ಕಟ್ಟಿಹಾಕುತ್ತದೆಂಬ ಅವರ ಎಚ್ಚರಿಕೆ ಭಕ್ತರಿಗೆ ಕಠೋರವಾಗಿ ಕೇಳಿಸೀತು. ಶ್ವೇತಾಂಬರ ಪರಂಪರೆ ಹೇಳುವ ಗೌತಮ ಗಣಧರರ ಕಥೆ ಈ ಕಾಠಿಣ್ಯದ ಮರ್ಮವನ್ನು ಬಿಡಿಸುತ್ತದೆ. ಗೌತಮರು ಭಗವಾನ್ ಮಹಾವೀರರ ಹಿರಿಯ ಶಿಷ್ಯರು. ಇತರರಿಗೆ ಕೇವಲಜ್ಞಾನ ದೊರೆಯುತ್ತಿದ್ದರೂ ಅವರಿಗೆ ಮಾತ್ರ ದೊರೆತಿರಲಿಲ್ಲ. ಅಡ್ಡಿಯಾಗಿದ್ದುದು ಗುರುವಿನ ಮೇಲೆ ಅವರಿಗಿದ್ದ ಮಮತೆ. ಗುರುವಿನ ನಿರ್ವಾಣದ ವಾರ್ತೆ ಕೇಳಿ ಅವರು ದುಃಖಿಸಿದರು. ಆ ದುಃಖದ ಬೇರನ್ನು ತಮ್ಮೊಳಗೇ ಕಂಡುಕೊಂಡಾಗ ಮಮತೆ ಕಳಚಿ ಕೇವಲಜ್ಞಾನ ಉದಯಿಸಿತು. ಇಷ್ಟಾದರೂ ಆ ಮಮತೆಯನ್ನು ಯಾರೂ ನಿಂದಿಸುವುದಿಲ್ಲ. ಗುರುವಿನ ಸನ್ನಿಧಿಯಲ್ಲಿ ಅವರನ್ನು ನಿಲ್ಲಿಸಿದ್ದೂ ಆ ಪ್ರೀತಿಯೇ ಅಲ್ಲವೆ?

ರಾಗ ಅಳಿಯುವುದು ಒಂದೇ ದಿನದಲ್ಲಲ್ಲ. ಆತ್ಮವಿಕಾಸದ 14 ಗುಣಸ್ಥಾನಗಳಲ್ಲಿ ಹತ್ತನೆಯದಾದ ಸೂಕ್ಷ್ಮಸಾಂಪರಾಯವನ್ನು ವಿವರಿಸುವಾಗ, ಚಾವುಂಡರಾಯನ ಗುರುಗಳಾದ ನೇಮಿಚಂದ್ರ ಸಿದ್ಧಾಂತಚಕ್ರವರ್ತಿಗಳು ‘ಗೊಮ್ಮಟಸಾರ’ದಲ್ಲಿ ಕುಸುಬೆ ಹೂವಿನ ಬಣ್ಣದ ಬಟ್ಟೆಯನ್ನು ನೆನೆಯುತ್ತಾರೆ. ಒಗೆದ ಬಟ್ಟೆಯಲ್ಲಿಯೂ ನಸುಗೆಂಪು ಉಳಿದಿರುವಂತೆ, ಅಷ್ಟು ಎತ್ತರಕ್ಕೇರಿದ ಮುನಿಯಲ್ಲಿಯೂ ಸೂಕ್ಷ್ಮವಾದ ಲೋಭ ಉಳಿದಿರುತ್ತದೆ. ರಾಗ ಶಬ್ದದ ಮೂಲಾರ್ಥವಾದ ಬಣ್ಣ ಇಲ್ಲಿ ಮತ್ತೆ ಮೇಲೆದ್ದು ಬಂದಿದೆ. ಹನ್ನೆರಡನೆಯ ಗುಣಸ್ಥಾನದಲ್ಲಿ ಕಷಾಯಗಳೆಲ್ಲ ಕ್ಷಯವಾದ ಮೇಲೆಯೇ ಆ ನಸುಗೆಂಪೂ ಇಲ್ಲವಾಗುತ್ತದೆ. ಮುನಿಗಳ ಸ್ಥಿತಿಯೇ ಹೀಗಿರುವಾಗ, ಸಂಸಾರದ ನಡುವೆ ಇರುವ ಗೃಹಸ್ಥನು ತನ್ನಲ್ಲಿ ರಾಗ ಉಳಿದಿದೆಯೆಂದು ಹತಾಶನಾಗಬೇಕಿಲ್ಲ. ಗಾಢವಾದ ಬಣ್ಣ ದಿನದಿನಕ್ಕೆ ತಿಳಿಯಾಗುತ್ತಿದೆಯೇ ಎಂದು ನೋಡಿಕೊಂಡರೆ ಸಾಕು.

ವೀತರಾಗನಿಗೆ ಪೂಜೆಯಿಂದ ಆಗಬೇಕಾದುದೇನೂ ಇಲ್ಲ, ನಿಂದೆಯಿಂದ ಆತನಿಗೆ ವೈರವೂ ಇಲ್ಲ. ಆದರೂ ಆತನ ಗುಣಸ್ಮರಣೆ ನಮ್ಮ ಚಿತ್ತವನ್ನು ಶುಚಿಗೊಳಿಸುತ್ತದೆ ಎಂಬುದು ‘ಸ್ವಯಂಭೂ ಸ್ತೋತ್ರ’ದಲ್ಲಿ ಆಚಾರ್ಯ ಸಮಂತಭದ್ರರು ತಿಳಿಸಿದ ಭಾವ. ಬಸದಿಯ ಹಾಡು ಬಿಂಬವನ್ನು ಒಲಿಸಿಕೊಳ್ಳುವುದಕ್ಕಲ್ಲ, ಹಾಡುವವನನ್ನು ತೊಳೆಯುವುದಕ್ಕೆ. ತನ್ನ ಕಂಠವನ್ನು ಯಾರು ಮೆಚ್ಚಿದರು ಎಂದು ಅತ್ತಿತ್ತ ನೋಡಿದರೆ ಅದೇ ಸ್ವರ ಹೊಸ ಜಿಡ್ಡಾಗುತ್ತದೆ. ಮಂಗಳಾರತಿ ಮುಗಿದು ಹಾಡು ನಿಂತಾಗ ಇನ್ನಷ್ಟು ಬೇಕೆನ್ನದೆ ಮನಸ್ಸೂ ಅದರೊಂದಿಗೆ ಶಾಂತವಾಗಿ ನಿಲ್ಲುವುದಾದರೆ, ರಾಗವಾಗಿ ಹಾಡಿದ್ದು ವೀತರಾಗನೆಡೆಗೆ ಇಟ್ಟ ಹೆಜ್ಜೆಯೇ ಆಗುತ್ತದೆ.