ಉಪ್ಪುನೀರಿನ ಏರೋಪ್ಲೇನ್ ಚಿಟ್ಟೆ

ಮಕ್ಕಳು ಏರೋಪ್ಲೇನ್ ಚಿಟ್ಟೆಯೆಂದು ಕರೆಯುವ ಡ್ರ್ಯಾಗನ್‌ಫ್ಲೈಗಳ ಬಾಲ್ಯವೆಲ್ಲ ನೀರಿನಲ್ಲಿ ಕಳೆಯುತ್ತದೆ. ಆ ನೀರು ಸಾಮಾನ್ಯವಾಗಿ ಕೆರೆ, ಹಳ್ಳ, ಗದ್ದೆಗಳ ಸಿಹಿನೀರು. 6,000ಕ್ಕೂ ಮಿಕ್ಕ ಪ್ರಭೇದಗಳುಳ್ಳ ಈ ಕೀಟವರ್ಗದಲ್ಲಿ ಉಪ್ಪುನೀರಿಗಿಳಿದವು ಬಹು ವಿರಳ. ಅಂಥವುಗಳಲ್ಲಿ ಎರಿತ್ರೋಡಿಪ್ಲಾಕ್ಸ್ ಬೆರೆನಿಸೆ ಎಂಬುದೊಂದು. ಸುಮಾರು 3.5 ಸೆಂಟಿಮೀಟರು ಉದ್ದದ ಈ ಸಣ್ಣ ಕೀಟವು ದಕ್ಷಿಣ ಫ್ಲಾರಿಡ ಮತ್ತು ಕೆರಿಬಿಯನ್ ದ್ವೀಪಗಳ ಕಾಂಡ್ಲ ಕಾಡಿನ ಜೌಗಿನಲ್ಲಿಯೂ, ಉತ್ತರಕ್ಕೆ ಅಮೆರಿಕದ ಪೂರ್ವ ಕರಾವಳಿಯ ಉಪ್ಪು ಜೌಗುಗಳಲ್ಲಿಯೂ ವಾಸಿಸುತ್ತದೆ. ಬಲಿತ ಗಂಡಿನ ಮೈ ಕಪ್ಪು ಬೆರೆತ ಕಡುನೀಲಿ.

ಉಪ್ಪುನೀರಿನಲ್ಲಿ ಬಾಳುವುದೇಕೆ ಕಷ್ಟ? ಮಾವಿನ ಮಿಡಿಗೆ ಉಪ್ಪು ಬೆರೆಸಿ ಜಾಡಿಯಲ್ಲಿಟ್ಟರೆ, ಕೆಲವು ದಿನಗಳಲ್ಲಿ ನೀರು ಬಿಟ್ಟು ಮಿಡಿ ಸುಕ್ಕುಗಟ್ಟುವುದನ್ನು ವಾಚಕರು ಕಂಡಿರಬಹುದು. ತೆಳುಪೊರೆಯ ಮೂಲಕ ನೀರು ಲವಣ ಕಡಿಮೆಯಿರುವ ಕಡೆಯಿಂದ ಹೆಚ್ಚಿರುವ ಕಡೆಗೆ ಸರಿಯುತ್ತದೆ. ಇದಕ್ಕೆ ಅಭಿಸರಣವೆಂದು ಹೆಸರು. ಒಂದು ಕಿಲೋಗ್ರಾಂ ಸಮುದ್ರದ ನೀರಿನಲ್ಲಿ ಸುಮಾರು 35 ಗ್ರಾಂ ಲವಣಗಳಿವೆ. ಕೀಟಗಳ ದೇಹದ್ರವದ ಸಾಂದ್ರತೆಯಾದರೋ ಸಾಮಾನ್ಯವಾಗಿ ಇದರ ಮೂರರಲ್ಲೊಂದು ಪಾಲಿನಷ್ಟು. ಆದುದರಿಂದ ಕೆರೆಯ ಮರಿಯೊಂದು ಕಡಲಿಗೆ ಬಿದ್ದರೆ, ಸುತ್ತಲೂ ನೀರಿದ್ದರೂ ಅದು ನೀರಡಸಿ ಸಾಯಬೇಕಾದೀತು.

ಈ ಮರಿಗಳ ಉಸಿರಾಟವು ತೊಡಕನ್ನು ಇನ್ನಷ್ಟು ಹೆಚ್ಚಿಸುತ್ತದೆ. ಅವುಗಳ ಕಿವಿರುಗಳಿರುವುದು ಗುದನಾಳದ ಒಳಗೆ. ಮರಿಯು ಹಿಂದಿನಿಂದ ನೀರನ್ನು ಒಳಗೆಳೆದು ಹೊರದೂಡುತ್ತಿರುತ್ತದೆ. ಅಪಾಯ ಬಂದಾಗ ಅದೇ ನೀರನ್ನು ರಭಸದಿಂದ ಚಿಮ್ಮಿಸಿ, ರಾಕೆಟ್ಟಿನಂತೆ ಮುನ್ನುಗ್ಗುತ್ತದೆ. ಎಂದರೆ ಹೊರಗಿನ ನೀರು ಕ್ಷಣಕ್ಷಣವೂ ಅದರ ಒಡಲಿನೊಳಕ್ಕೇ ಬರುತ್ತದೆ.

ಮೇಲಾಗಿ ಜೌಗಿನ ಹೊಂಡದ ನೀರು ಸದಾ ಒಂದೇ ತೆರನಾಗಿರುವುದಿಲ್ಲ. ಬಿಸಿಲಿಗೆ ನೀರು ಆವಿಯಾಗಿ ಉಪ್ಪು ಕಡಲಿಗಿಂತಲೂ ಹೆಚ್ಚಬಹುದು; ದೊಡ್ಡ ಮಳೆ ಬಿದ್ದರೆ ಅದೇ ನೀರು ಸಪ್ಪೆಯಾಗಬಹುದು. 1980ರಲ್ಲಿ ಅಮೆರಿಕದ ವಿಜ್ಞಾನಿ ಡನ್ಸನ್ ಈ ಕೀಟದ ಮರಿಗಳನ್ನು ಕುರಿತು ತಾವು ನಡೆಸಿದ ಸಂಶೋಧನೆಯನ್ನು ಪ್ರಕಟಿಸಿದರು. ಸಮುದ್ರದ ಎರಡು ಪಟ್ಟಿಗಿಂತಲೂ ಹೆಚ್ಚು ಉಪ್ಪಾದ ನೀರಿನಲ್ಲಿಯೂ ಅವು ಬದುಕಿದ್ದವು! ಅವುಗಳ ದೇಹದ್ರವವು ಹೊರಗಿನ ನೀರಿನಷ್ಟು ಉಪ್ಪಾಗಲಿಲ್ಲ. ಒಳಸೇರಿದ ಹೆಚ್ಚಿನ ಲವಣವನ್ನು ದೇಹವು ಹೊರಹಾಕುತ್ತಿರಬೇಕು. ತಗ್ಗಿನ ನೀರನ್ನು ಏತದಿಂದ ಮೇಲೆತ್ತುವಂತೆ, ಇದು ಪ್ರಕೃತಿಯ ಒಲವಿಗೆ ಎದುರಾಗಿ ಮಾಡುವ ಕೆಲಸ. ಇದಕ್ಕೆ ಶಕ್ತಿ ಬೇಕು. ಆ ಶಕ್ತಿ ಮರಿಯು ಹಿಡಿದು ತಿಂದ ಸಣ್ಣ ಜಲಜೀವಿಗಳಿಂದಲೇ ಬರಬೇಕು.

ಇಷ್ಟು ವೆಚ್ಚ ಮಾಡಿ ಈ ಕೀಟವು ಗಳಿಸಿದುದೇನು? ತನ್ನ ಬಂಧುಗಳಾರೂ ಸುಲಭವಾಗಿ ಕಾಲಿಡಲಾರದ ಒಂದು ನೆಲೆಯನ್ನು. ಆದರೆ ಆ ನೆಲೆಗೆ ಈಗ ಬೇರೊಂದು ಗಂಡಾಂತರವಿದೆ. ಪ್ರಪಂಚದ ಹಲವೆಡೆ ಕಾಂಡ್ಲ ಕಾಡುಗಳನ್ನು ಕಡಿದು, ಜೌಗಿಗೆ ಮಣ್ಣು ತುಂಬಿ ಕಟ್ಟಡಗಳನ್ನೆಬ್ಬಿಸಿದ್ದಾರೆ. ಉಪ್ಪನ್ನು ಗೆದ್ದ ಮರಿಯು ಮಣ್ಣು ಮುಚ್ಚಿದ ಹೊಂಡವನ್ನು ಗೆಲ್ಲಲಾರದು.